ಎರಡು ಗಂಟು

ಬೆಟಗೇರಿಯ ನಮ್ಮ ಓಣಿಯಿಂದ ನನ್ನ ಪ್ರೆಸ್ಸಿಗೆ
ಸಾವಿರದ ಮುನ್ನೂರು ಮೀಟರು.
ಅಪ್ಪ ಅಳೆದದ್ದು ಕಣ್ಣು ಇನ್ನೂ ಅರ್ಧ ಇದ್ದಾಗ,
ಗ್ಲಕೋಮಾ ಅಂಚಿನಿಂದ ಒಳಕ್ಕೆ ಸರಿಯುತ್ತಿದ್ದಾಗ.
“ಬಂದರಿನ ಬಾಯಿ ಸಣ್ಣದಾಗಾಕತ್ತೈತಿ” ಅಂದಿದ್ದ.
ಅಷ್ಟೇ. ಮತ್ತೆ ಆ ಮಾತು ಎತ್ತಲಿಲ್ಲ.

ಅಂಬಾಸಾ ಬಾಕಳೆ, ನಿವೃತ್ತ ಪೆಟ್ಟಿ ಆಫೀಸರ್.
ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು ಬೆಳೆದವ,
ಹದಿನೆಂಟಕ್ಕೆ ಹಡಗು ಹತ್ತಿ ಹದಿನೈದು ವರ್ಷ
ನಕಾಶೆಯ ಮೇಜಿನ ಮುಂದೆ ಪೆನ್ಸಿಲ್ ಹಿಡಿದು ನಿಂತವ.
ಗದಗಿಗೆ ಸಮುದ್ರ ಎಲ್ಲಿಂದ ಬರಬೇಕು?
ಇರುವುದೊಂದು ಭೀಷ್ಮಕೆರೆ, ಮತ್ತೆ ಗಾಳಿ.
ಗಾಳಿ ಮಾತ್ರ ಸಾಲ ಕೊಡುವಷ್ಟು.

“ದಿಕ್ಕು ಗೊತ್ತಿರಬೇಕು, ವೇಗ ಗೊತ್ತಿರಬೇಕು,
ಹೊಂಟ ಹೊತ್ತು ಗೊತ್ತಿರಬೇಕು. ಮೂರ ಸಾಕು.
ಕಾಣೂದು ನಾಕನೇದು. ಇದ್ರ ಛಲೋ.”

ಹಳೇ ಕಾಲದ ಹಡಗುಗಳಲ್ಲಿ ಹಿಂಬದಿಯಿಂದ
ಹಲಗೆ ತುಂಡು ಕಟ್ಟಿದ ಹಗ್ಗ ನೀರಿಗೆ ಬಿಡುತ್ತಿದ್ದರಂತೆ,
ಹಗ್ಗಕ್ಕೆ ಅಳತೆಯ ಗಂಟು.
ಗಾಜಿನೊಳಗಿನ ಮರಳು ಸೋರಿ ಮುಗಿಯುವುದರೊಳಗೆ
ಬೆರಳ ಸಂದಿಯಿಂದ ಜಾರಿದ ಗಂಟೆಷ್ಟೋ ವೇಗ ಅಷ್ಟು.
ಇದನ್ನು ಕೇಳಿ ಅಜ್ಜಿ ಲಾಳಿ ನಿಲ್ಲಿಸಿ ನಕ್ಕಿದ್ದಳು:
“ಇಲ್ಲಿ ಗಂಟು ಕಂಡ್ರ ಸಾವಕಾರ ಕೂಲಿ ಕಡಿತಾನ,
ನಿಮ್ಮಲ್ಲಿ ಗಂಟು ಎಣಿಸಿ ಪಗಾರ ಕೊಡ್ತಾರೇನು?”

ಈಗ ಅಪ್ಪನ ವೇಗ ಎರಡು ಗಂಟು.
ಗಂಟೆಗೆ ಎರಡು ಗಂಟು ಎಂದು ಬರೆದರೆ ಸಿಟ್ಟು.
“ಗಂಟಿನ್ಯಾಗನ ಗಂಟೆ ಐತಿ. ಎರಡ ಸಲ ಯಾಕ ಹೇಳ್ತಿ?”

ಬೇವಿನಕಟ್ಟಿಯವರ ಪವರ್‌ಲೂಮು ಎಡಕ್ಕೆ ಬಿಟ್ಟು
ಇನ್ನೂರ ಹತ್ತು ಹೆಜ್ಜೆ.
ಗಿರಣಿಯ ಬೆಲ್ಟಿನ ಚಟಪಟ ಎದೆಗೆ ನೇರ ಬಂದಾಗ ಬಲಕ್ಕೆ.
ರೈಲು ಸೇತುವೆಯ ಕೆಳಗೆ ಕೋಲಿನ ಸದ್ದು ಮರಳಿ ಬರುತ್ತದೆ,
ಅಲ್ಲಿ ಆಳ ಜಾಸ್ತಿ.
ಮಿರ್ಚಿ ಕರಿಯುವ ಎಣ್ಣೆಯ ವಾಸನೆಯನ್ನು ನಂಬುವ ಹಾಗಿಲ್ಲ,
ತಳ್ಳುಗಾಡಿ ಎಂದರೆ ಲಂಗರು ಕಿತ್ತ ಬೋಯೆ,
ಇವತ್ತು ಇಲ್ಲಿ, ನಾಳೆ ಟಾಂಗಾಕೂಟದಲ್ಲಿ.

ಕೈ ಹಿಡಿಯಲು ಹೋದ ಮೊದಲ ದಿನವೇ ಅಂದಿದ್ದ:
“ಹಡಗಿಗೆ ಕೈ ಇರಂಗಿಲ್ಲವಾ, ಹಿಡಿಯಾಕ.”
ಹಾಗಾಗಿ ನಾನು ಇಪ್ಪತ್ತು ಹೆಜ್ಜೆ ಹಿಂದೆ,
ಪ್ರೆಸ್ಸಿನ ಕೀಲಿಕೈ ಸದ್ದಾಗದಂತೆ ಮುಷ್ಟಿಯಲ್ಲಿ ಒತ್ತಿಕೊಂಡು,
ಅವನಿಗೆ ಗೊತ್ತಿಲ್ಲ ಅಂದುಕೊಂಡು,
ಆಷಾಢದಿಂದ.

ಗುರುವಾರ ಕರೆಂಟು ಹೋಯಿತು.
ಹಿಂದಿನ ಹನ್ನೆರಡು ಮಗ್ಗ, ಮುಂದಿನ ಗಿರಣಿ
ಒಂದೇ ಉಸಿರಿಗೆ ನಿಂತವು.
ಒಂದು ಓಣಿ ಅಷ್ಟು ಸುಮ್ಮನಾಗಬಲ್ಲದೆಂದು
ಹುಟ್ಟಿ ಬೆಳೆದ ನನಗೇ ಗೊತ್ತಿರಲಿಲ್ಲ.
ನಡುರಸ್ತೆಯಲ್ಲಿ ಅಪ್ಪ ನಿಂತ.
ಎದುರಿಗೆ ಒಂದು ಟಂಟಂ, ಬಲಕ್ಕೆ ಎಮ್ಮೆ.
ಎರಡು ಬೆರಳು ಬಾಯಿಗಿಟ್ಟು ಊದಿದ,
ಉದ್ದಕ್ಕೆ ಒಂದು,
ಎರಡು ಸೆಕೆಂಡು ಬಿಟ್ಟು ಉದ್ದಕ್ಕೆ ಇನ್ನೊಂದು.

ಮಗ್ಗಿ ಬರುವ ಮೊದಲೇ ನನಗೆ ಬಂದ ಪಾಠ ಅದು:
ಮಂಜಿನೊಳಗೆ ನಡೆಯುವ ಹಡಗಿನದು ಒಂದು ಕೂಗು,
ಲಂಗರು ಹಾಕದೆ ಸುಮ್ಮನೆ ನಿಂತದ್ದಕ್ಕೆ ಎರಡು.
ಇಲ್ಲಿದ್ದೇನೆ. ಮುಳುಗಿಲ್ಲ. ಮುಂದೆ ಹೋಗುತ್ತಿಲ್ಲ.

ಟಂಟಂ ನಿಂತಿತು. ಎಮ್ಮೆ ನಿಲ್ಲಲಿಲ್ಲ, ಸುತ್ತಿಕೊಂಡು ಹೋಯಿತು.
ಬೇವಿನಕಟ್ಟಿಯವರ ಸೊಸೆ ಬಾಗಿಲಿಗೆ ಬಂದು “ಏನಾತ್ರಿ?” ಅಂದಳು.
ನನಗೆ ಸೀಟಿ ಹೊಡೆಯಲು ಬರುವುದಿಲ್ಲ.
ಕೆಮ್ಮಿದೆ. ಉದ್ದಕ್ಕೆ, ಒಂದೇ ಸಲ.
ಅಪ್ಪ ತಿರುಗಲಿಲ್ಲ.
“ಹಿಂದಿನ ಹಡಗು,
ನಿನ್ನ ಎಡಗಾಲ ಚಪ್ಪಲಿ ಹರದು ನಾಕ ದಿನ ಆತು. ಹೊಲಿಸ್ಕೊ.”

ನಾಲ್ಕು ನಿಮಿಷಕ್ಕೆ ಕರೆಂಟು ಬಂತು.
ಮಗ್ಗಗಳು ಒಟ್ಟಿಗೆ ಏಳಲಿಲ್ಲ: ಒಂದು, ತಡೆದು ಮೂರು,
ಆಮೇಲೆ ಎಣಿಕೆ ನನಗೆ ಸಿಗಲಿಲ್ಲ.
ಅಪ್ಪ ಗದ್ದ ಎತ್ತಿ ಆ ಕಿವಿ ಒಮ್ಮೆ ಈ ಕಿವಿ ಒಮ್ಮೆ ಕೊಟ್ಟು
ತನ್ನ ನೆಲೆ ಹಿಡಿದ. ಕೋಲು ಮುಂದಿಟ್ಟ.

ಪ್ರೆಸ್ಸಿನಲ್ಲಿ, ಅಚ್ಚು ಕೆಟ್ಟ ಲಗ್ನಪತ್ರಿಕೆಗಳ ಬೆನ್ನ ಮೇಲೆ
ದಿನದ ಲಾಗು. ಹೇಳುವವನು ಅವನು, ಬರೆಯುವವಳು ನಾನು.
ಗಾಳಿ ನೈಋತ್ಯ. ವೇಗ ಎರಡು ಗಂಟು.
ನಿಂತದ್ದು ನಾಲ್ಕು ನಿಮಿಷ, ಕಾರಣ ಕರೆಂಟು.
“ಇನ್ನೊಂದು ಬರಿ” ಅಂದ,
ಚಹಾದ ಬಟ್ಟಲನ್ನು ಮೇಜಿನ ಮೇಲೆ ಬೆರಳಿಂದ ಹುಡುಕುತ್ತ.
“ಹಿಂದ ಒಂದು ಹಡಗು. ದೂರ, ಹದಿನೆಂಟು ಹೆಜ್ಜೆ.”

ನಾನು ಇಪ್ಪತ್ತು ಅಂದುಕೊಂಡಿದ್ದೆ.
ಹದಿನೆಂಟು ಎಂದು ಬರೆದೆ.